ರೂಫಸ್ ವೇನ್‌ರೈಟ್: ನಾಲ್ಕು ಆಲ್ಬಂ, ಎರಡು ಜೊತೆ ಕಿವಿ

ರೂಫಸ್ ವೇನ್‌ರೈಟ್ ಹಾಡುಗಳಿಗೆ ನಾನು ಮೊದಲು ಹೋಗಿದ್ದು ತಪ್ಪು ಬಾಗಿಲಿನಿಂದ. ಯಾರೋ ‘ವಾಂಟ್ ಒನ್’ ಕೇಳು ಎಂದರು. ಫೋನಿನ ಸಣ್ಣ ಸ್ಪೀಕರಿನಲ್ಲೇ ಹಾಕಿದೆ. ಮೊದಲ ಹಾಡಿನಲ್ಲೇ ಗುಂಯ್ ಅನ್ನುವ ಹತ್ತಾರು ಗಂಟಲು, ಅದರ ಮೇಲೆ ಕಹಳೆ, ಅದರ ಮೇಲೆ ಪಿಟೀಲು. ಸಾಲದು ಅಂತ ಕೊನೆಯಲ್ಲಿ ಫ್ರೆಂಚ್ ಸಂಗೀತಕಾರ ರವೆಲ್ ಅವರ ‘ಬೊಲೆರೊ’ ವಾದ್ಯಕೃತಿ ಬೇರೆ ಬಂದು ಸೇರಿಕೊಂಡಿತು. ತಲೆ ಗಿಮ್ಮೆಂದಿತು. ಅಲ್ಲಿಗೇ ನಿಲ್ಲಿಸಿದೆ. ಐದಾರು ವರ್ಷ ಮತ್ತೆ ಮುಟ್ಟಲಿಲ್ಲ.

ಕಳೆದ ಮಳೆಗಾಲದಲ್ಲಿ ಬೇರೆ ತರಹ ಕೇಳಿದೆ. ನಾಲ್ಕು ಆಲ್ಬಂ ಆರಿಸಿಕೊಂಡೆ. 2001ರ ‘ಪೋಸಸ್’, 2003ರ ‘ವಾಂಟ್ ಒನ್’, 2010ರ ‘ಆಲ್ ಡೇಸ್ ಆರ್ ನೈಟ್ಸ್: ಸಾಂಗ್ಸ್ ಫಾರ್ ಲುಲು’, 2012ರ ‘ಔಟ್ ಆಫ್ ದ ಗೇಮ್’. ಒಂದೊಂದಕ್ಕೆ ಹತ್ತು ದಿನ. ಅದೇ ತಂತಿಯ ಇಯರ್‌ಫೋನ್, ರಾತ್ರಿ ಊಟ ಆದ ಮೇಲಿನ ಅದೇ ಹೊತ್ತು. ಮಧ್ಯೆ ಯಾವ ಹಾಡನ್ನೂ ಹಾರಿಸುವ ಹಾಗಿಲ್ಲ. ಜೊತೆಗೆ, ಪ್ರತಿ ಆಲ್ಬಮಿನಿಂದ ಒಂದೊಂದು ಹಾಡನ್ನು ಅಕ್ಕನಿಗೆ ಕೇಳಿಸಬೇಕು ಅಂತಲೂ ಅಂದುಕೊಂಡೆ. ಅಕ್ಕನದು ದೇವರನಾಮ, ಭಾವಗೀತೆ ಕೇಳಿಕೊಂಡು ಬೆಳೆದ ಕಿವಿ. ಇಂಗ್ಲಿಷ್ ಹಾಡಿನ ಸಹವಾಸ ಇಲ್ಲ. ಆದರೆ ಹಾಡುವವರು ಸುಮ್ನೆ ಹಾಡುತ್ತಿದ್ದಾರಾ, ಏನಾದರೂ ಹೇಳುತ್ತಿದ್ದಾರಾ ಅನ್ನುವುದು ಅವಳಿಗೆ ತಕ್ಷಣ ಗೊತ್ತಾಗುತ್ತದೆ.

ರೂಫಸ್ ಯಾರು ಅಂತ ಗೊತ್ತಿಲ್ಲದವರಿಗೆ ಎರಡು ಮಾತು. ಹುಟ್ಟಿದ್ದು 1973ರಲ್ಲಿ, ನ್ಯೂಯಾರ್ಕ್ ರಾಜ್ಯದ ರೈನ್‌ಬೆಕ್ ಅನ್ನುವ ಊರಿನಲ್ಲಿ. ಅಪ್ಪ ಲೌಡನ್ ವೇನ್‌ರೈಟ್, ಅಮ್ಮ ಕೇಟ್ ಮೆಕ್‌ಗ್ಯಾರಿಗಲ್. ಇಬ್ಬರೂ ಹೆಸರಾದ ಹಾಡುಗಾರರು. ಮಗ ಚಿಕ್ಕವನಿದ್ದಾಗಲೇ ಅವರು ಬೇರೆಯಾದರು. ರೂಫಸ್ ಅಮ್ಮನ ಜೊತೆ ಕೆನಡಾದ ಮಾಂಟ್ರಿಯಲ್‌ನಲ್ಲಿ ಬೆಳೆದರು. ತಂಗಿ ಮಾರ್ಥಾ ಕೂಡ ಹಾಡುಗಾರ್ತಿ. ಹದಿಹರೆಯದಲ್ಲೇ ರೂಫಸ್‌ಗೆ ಒಪೆರಾ, ಅಂದರೆ ಪಶ್ಚಿಮದ ಸಂಗೀತ ನಾಟಕದ ಹುಚ್ಚು ಹಿಡಿಯಿತು. ತಾನು ಗೇ ಅಂತ ಮನೆಯವರಿಗೆ ತಿಳಿದದ್ದೂ ಆ ವಯಸ್ಸಿನಲ್ಲೇ. 1998ರಲ್ಲಿ ಮೊದಲ ಆಲ್ಬಂ ಬಂದಾಗ ಅದನ್ನು ಮುಚ್ಚಿಡುವ ಪ್ರಯತ್ನವನ್ನೇ ಮಾಡಲಿಲ್ಲ. ಇದು ಸಣ್ಣ ಮಾತಲ್ಲ. ಜಾರ್ಜ್ ಮೈಕಲ್ ಅವರಂಥ ದೊಡ್ಡ ತಾರೆ ಬಾಯಿಬಿಟ್ಟು ಹೇಳಿದ್ದು ಅದೇ 1998ರಲ್ಲಿ, ಅದೂ ಬೇರೆ ದಾರಿ ಇಲ್ಲದೆ. ಬೇರೆಯವರು ಹೆಸರು ಮಾಡಿದ ಮೇಲೆ ಹೇಳುತ್ತಿದ್ದರು. ಇವರು ಹೇಳಿಕೊಂಡೇ ಒಳಗೆ ಬಂದರು.

ರೂಫಸ್ ಹಾಡುಗಳನ್ನು ಬರೋಕ್ ಪಾಪ್ ಅನ್ನುತ್ತಾರೆ. ಅಂದರೆ ಪಾಪ್ ಹಾಡಿಗೆ ಪಿಟೀಲಿನ ಸಾಲು, ಕಹಳೆ, ಹಾರ್ಪ್ಸಿಕಾರ್ಡ್, ಕೋರಸ್ ಎಲ್ಲ ಕೂಡಿಸಿ ಕಟ್ಟುವ ರೀತಿ. 1960ರ ದಶಕದಲ್ಲಿ ಬಂತು. ಒಪೆರಾ ಹುಚ್ಚಿನ ರೂಫಸ್ ಕೈಗೆ ಸಿಕ್ಕ ಮೇಲೆ ಅದು ಇನ್ನೂ ಮೈತುಂಬಿಕೊಂಡಿತು. ಆ ಭರಾಟೆಯಲ್ಲಿ ಒಂದು ವಿಷಯ ಬೇಗ ಕಣ್ಣಿಗೆ ಬೀಳುವುದಿಲ್ಲ. ಇವರು ಹೆಚ್ಚಾಗಿ ಹಾಡುವುದು ಮನೆಯವರ ಬಗ್ಗೆ. ಅಪ್ಪ, ಅಮ್ಮ, ತಂಗಿ, ಮಗಳು. ನಲವತ್ತು ದಿನ ಕೇಳಿದ ಮೇಲೆ ನನಗೆ ಕಂಡದ್ದು ಇದು.

‘ಪೋಸಸ್’ನಿಂದ ಶುರು ಮಾಡುತ್ತೇನೆ. ಇದರ ಎಷ್ಟೋ ಹಾಡುಗಳನ್ನು ರೂಫಸ್ ಬರೆದದ್ದು ನ್ಯೂಯಾರ್ಕಿನ ಚೆಲ್ಸಿ ಹೋಟೆಲಿನಲ್ಲಿ ಉಳಿದುಕೊಂಡು. ಮೊದಲ ಹಾಡು ‘ಸಿಗರೆಟ್ಸ್ ಅಂಡ್ ಚಾಕಲೇಟ್ ಮಿಲ್ಕ್’. ಬೇಡ ಅಂದಷ್ಟೂ ಬೇಕು ಅನ್ನಿಸುವ ಚಟಗಳ ಬಗ್ಗೆ. ಪಿಯಾನೋ ಓಲಾಡಿಕೊಂಡು ಹೋಗುತ್ತದೆ, ದನಿ ಅದರ ಹಿಂದೆ ನಿಧಾನಕ್ಕೆ ಎಳೆದುಕೊಂಡು ಬರುತ್ತದೆ. ವಾದ್ಯಗಳು ಇಲ್ಲೂ ಜಾಸ್ತಿಯೇ. ಆದರೆ ದನಿಗೆ ದಾರಿ ಬಿಟ್ಟು ನಿಂತಿವೆ. ಬಸ್ಸಿನ ಗದ್ದಲದಲ್ಲೂ ಈ ಆಲ್ಬಂ ಕೇಳಿಸುತ್ತದೆ. ನಾಲ್ಕರಲ್ಲಿ ಆ ಗುಣ ಇರುವುದು ಇದಕ್ಕೆ ಮಾತ್ರ.

ನನ್ನನ್ನು ಹಿಡಿದು ನಿಲ್ಲಿಸಿದ್ದು ‘ವನ್ ಮ್ಯಾನ್ ಗೈ’. ಇದು ಅಪ್ಪ ಲೌಡನ್ 1980ರ ದಶಕದಲ್ಲಿ ಬರೆದ ಹಾಡು. ಯಾರ ಹಂಗೂ ಬೇಡ, ನನಗೆ ನಾನೇ ಸಾಕು ಅನ್ನುವ ಒಂಟಿ ಗಂಡಸಿನ ಮಾತು. ಅದೇ ಮಾತನ್ನು ಗೇ ಮಗ ಹಾಡಿದಾಗ, ಒಬ್ಬನೇ ಗಂಡಸಿಗೆ ನಿಷ್ಠನಾಗಿರುವವನು ಅನ್ನುವ ಅರ್ಥವೂ ಬಂದುಬಿಡುತ್ತದೆ. ಒಂದು ಅಕ್ಷರ ಬದಲಾಯಿಸಿಲ್ಲ. ಅಪ್ಪನ ಅಂಗಿಯನ್ನು ಮಗ ಹಾಕಿಕೊಂಡ ಹಾಗೆ. ತಂಗಿ ಮಾರ್ಥಾ, ಗೆಳೆಯ ಟೆಡ್ಡಿ ಥಾಂಪ್ಸನ್ ಜೊತೆಗೆ ದನಿ ಸೇರಿಸಿದ್ದಾರೆ. ಗಿಟಾರು, ಮೂರು ದನಿ, ಅಷ್ಟೇ. ಅಕ್ಕ ಇದನ್ನು ಕೇಳಿ, “ಚೆನ್ನಾಗಿದೆ, ಆದ್ರೆ ಅವನು ಬೇರೆಯವರ ಮಾತು ಆಡ್ತಿದಾನೆ ಅಲ್ವಾ?” ಎಂದಳು. ಅಪ್ಪನ ಹಾಡು ಅಂತ ನಾನು ಇನ್ನೂ ಹೇಳಿರಲಿಲ್ಲ.

‘ವಾಂಟ್ ಒನ್’ ಇದಾಗಿ ಎರಡು ವರ್ಷಕ್ಕೆ ಬಂತು. ನಡುವೆ ರೂಫಸ್ ಕ್ರಿಸ್ಟಲ್ ಮೆತ್ ಅನ್ನುವ ಮಾದಕ ವಸ್ತುವಿನ ಚಟಕ್ಕೆ ಬಿದ್ದಿದ್ದರು. ಸ್ವಲ್ಪ ಕಾಲ ಕಣ್ಣೇ ಕಾಣದ ಹಾಗಾಗಿತ್ತು. ಹಾಡುಗಾರ ಎಲ್ಟನ್ ಜಾನ್ ಅವರ ನೆರವಿನಿಂದ 2002ರಲ್ಲಿ ಚಟ ಬಿಡಿಸುವ ಕೇಂದ್ರ ಸೇರಿ ಎದ್ದು ಬಂದರು. ಬಂದವರೇ ರಾಶಿ ಹಾಡು ಮಾಡಿದರು. ಕೆಲವು ‘ವಾಂಟ್ ಒನ್’ ಆದವು, ಉಳಿದವು ‘ವಾಂಟ್ ಟೂ’ ಆಗಿ 2004ರಲ್ಲಿ ಹೊರಬಂದವು. ಮೊದಲನೆಯದರ ಮುಖಪುಟದಲ್ಲಿ ರೂಫಸ್ ಯುದ್ಧಕವಚ ತೊಟ್ಟ ಯೋಧ. ಎರಡನೆಯದರಲ್ಲಿ ಹೆಣ್ಣಿನ ವೇಷ.

ಈ ಸಲ ಇಯರ್‌ಫೋನಿನಲ್ಲಿ ಕೇಳಿದಾಗ ಮೊದಲ ಹಾಡಿನ ಆ ಗುಂಯ್ ಬಿಡಿಬಿಡಿಯಾಯಿತು. ಕೆಳಗಿನ ದನಿಗಳೆಲ್ಲ ರೂಫಸ್‌ದೇ ಗಂಟಲು, ಪದರ ಪದರ. ಸಣ್ಣ ಸ್ಪೀಕರಿನಲ್ಲಿ ಈ ಆಲ್ಬಂ ಕೇಳಲೇಬಾರದು, ಅದು ನನಗೆ ಖಚಿತ. ನಿರ್ಮಾಪಕ ಮಾರಿಯಸ್ ಡಿ ವ್ರೀಸ್ ಇದನ್ನು ಹೇಗೆ ಕಟ್ಟಿದ್ದಾರೆ ಎಂದರೆ, ಒಂದು ಪದರ ಕೇಳಿಸದಿದ್ದರೆ ಉಳಿದದ್ದು ಬರೀ ಗಲಾಟೆ. ಎಲ್ಲ ಕೇಳಿಸಿದರೆ ‘ಗೋ ಆರ್ ಗೋ ಅಹೆಡ್’ ಕೊನೆಯಲ್ಲಿ ಎದ್ದು ನಿಲ್ಲುವಾಗ ಮೈ ಜುಂ ಅನ್ನುತ್ತದೆ. ಆ ಹಾಡು ಚಟದ ದಿನಗಳದ್ದು. ಸಣ್ಣಗೆ, ಬಾಯೊಳಗೇ ಶುರುವಾಗುತ್ತದೆ. ಆಮೇಲೆ ದನಿಯ ಮೇಲೆ ದನಿ ಬಂದು ಒಂದು ಗುಂಪೇ ಆಗುತ್ತದೆ. ಒಬ್ಬ ಮನುಷ್ಯ ಹೊರಗೆ ಬರಲು ಅಷ್ಟು ದನಿ ಬೇಕಿತ್ತು ಅಂತ ನನಗೆ ಅನ್ನಿಸಿತು. ಅಲಂಕಾರ ಅಂತ ನಾನು ತಳ್ಳಿಹಾಕಿದ್ದು ಅಲಂಕಾರ ಆಗಿರಲಿಲ್ಲ.

ಕೊನೆಯ ಹಾಡು ‘ಡಿನ್ನರ್ ಅಟ್ ಏಟ್’. ಪತ್ರಿಕೆಯೊಂದಕ್ಕೆ ಅಪ್ಪ ಮಗ ಒಟ್ಟಿಗೆ ಫೋಟೋ ತೆಗೆಸಿಕೊಂಡ ಮೇಲೆ, ಊಟಕ್ಕೆ ಕೂತಾಗ ಆದ ಜಗಳದಿಂದ ಹುಟ್ಟಿದ್ದು. ಶುರುವಿನಲ್ಲಿ ಮಗ ಸಿಟ್ಟಿನಲ್ಲಿದ್ದಾನೆ. ನೀನು ಎಷ್ಟೇ ಬಲಶಾಲಿಯಾಗಿರು, ಒಂದು ಚಿಕ್ಕ ಕಲ್ಲಿನಿಂದ ಬೀಳಿಸುತ್ತೇನೆ ಅನ್ನುತ್ತಾನೆ. ದಾವೀದ ಗೋಲಿಯಾತನನ್ನು ಬೀಳಿಸಿದ ಹಾಗೆ. ಆದರೆ ಪಿಯಾನೋ ಸಿಟ್ಟು ಮಾಡುವುದಿಲ್ಲ. ಅದು ಮೆಲ್ಲಗೇ ನಡೆಯುತ್ತದೆ. ಪಿಟೀಲುಗಳು ಮೇಲೇರುತ್ತವೆ. ಕೊನೆಗೆ ಮಾತು ಈಗಿನ ಜಗಳ ಬಿಟ್ಟು ತುಂಬ ಹಿಂದಕ್ಕೆ, ಹಿಮ ಬೀಳುತ್ತಿದ್ದ ಯಾವುದೋ ದಿನಕ್ಕೆ ಹೋಗುತ್ತದೆ. ಅಪ್ಪ ಬಿಟ್ಟು ಹೋದ ದಿನ ಅದು.

ನಾನೂ ಗೇ. ಅಕ್ಕನಿಗೆ ಹೇಳಿದ್ದು 2018ರ ಸೆಪ್ಟೆಂಬರ್ 6ರ ರಾತ್ರಿ, ಸುಪ್ರೀಂ ಕೋರ್ಟು 377ನೇ ಸೆಕ್ಷನ್ನಿನ ಹಿಡಿತದಿಂದ ನಮ್ಮನ್ನು ಬಿಡಿಸಿದ ದಿನ. ಅಪ್ಪನಿಗೆ ಹೇಳಿದ್ದು ಅದಾಗಿ ಎರಡು ವಾರಕ್ಕೆ, ಮೈಸೂರಿನ ಮನೆಯಲ್ಲಿ ಊಟಕ್ಕೆ ಕೂತಾಗ. ಅಕ್ಕ ಬಡಿಸುತ್ತಿದ್ದಳು. ಅಪ್ಪ ಏನೂ ಹೇಳಲಿಲ್ಲ. ತಟ್ಟೆ ಬಿಟ್ಟು ಎದ್ದರು. ನಾನೂ ಅರ್ಧಕ್ಕೇ ಎದ್ದು ಬೆಂಗಳೂರಿನ ಬಸ್ಸು ಹತ್ತಿದೆ. ಹಾಗಾಗಿ ಈ ಹಾಡಿನ ವಿಷಯದಲ್ಲಿ ನನ್ನ ತೀರ್ಪು ಎಷ್ಟು ನ್ಯಾಯವೋ ನನಗೇ ಗೊತ್ತಿಲ್ಲ. ಹತ್ತು ದಿನದಲ್ಲಿ ಅಕ್ಕನಿಗೆ ಇದನ್ನು ಕೇಳಿಸಲು ಧೈರ್ಯ ಬರಲಿಲ್ಲ. ಬದಲಿಗೆ ‘ವಾಂಟ್ ಟೂ’ನಿಂದ ‘ದಿ ಆರ್ಟ್ ಟೀಚರ್’ ಹಾಕಿದೆ.

ಅದೂ ದೊಡ್ಡ ಹಾಡೇ. ಪಿಯಾನೋದಲ್ಲಿ ಒಂದೇ ಸುತ್ತು ತಿರುಗುತ್ತಲೇ ಇರುತ್ತದೆ, ನಡುವೆ ಕಹಳೆ ಬಂದು ಹೋಗುತ್ತದೆ. ಶ್ರೀಮಂತ ಹೆಂಗಸೊಬ್ಬಳು ತನ್ನ ಶಾಲೆಯ ದಿನ ನೆನೆಯುತ್ತಾಳೆ. ಚಿತ್ರಕಲೆಯ ಮೇಷ್ಟ್ರು ಮ್ಯೂಸಿಯಂ ತೋರಿಸಲು ಕರೆದುಕೊಂಡು ಹೋಗಿದ್ದರು. ನಿಮಗೆ ಯಾವ ಚಿತ್ರ ಇಷ್ಟ ಅಂತ ಮಕ್ಕಳನ್ನು ಕೇಳಿದ್ದರು, ತನಗೆ ಚಿತ್ರಕಾರ ಟರ್ನರ್ ಇಷ್ಟ ಅಂದಿದ್ದರು. ಈಗ ಅವಳ ಮನೆಯಲ್ಲಿ ಟರ್ನರ್ ಚಿತ್ರವೇ ಇದೆ. ಆದರೆ ಆ ಮೇಷ್ಟ್ರ ನಂತರ ಅವಳ ಮನಸ್ಸು ಬೇರೆ ಯಾರ ಕಡೆಗೂ ತಿರುಗಿಲ್ಲ. ಗಂಡಸು, ಹೆಂಗಸಿನ ಬಾಯಿಯಿಂದ, ಗಂಡಸಿನ ಮೇಲಿನ ಪ್ರೀತಿ ಹಾಡುತ್ತಾನೆ. ಅಕ್ಕನಿಗೆ ಅದರಲ್ಲಿ ವಿಶೇಷ ಏನೂ ಕಾಣಲಿಲ್ಲ. “ನಮ್ಮ ಹಾಡುಗಾರರು ಪದ, ಜಾವಳಿ ಹಾಡಲ್ವಾ ಹೀಗೇ?” ಎಂದಳು. ಹೌದಲ್ಲ! ನಾಯಕಿಯ ಮಾತನ್ನು ಗಂಡು ಕೊರಳಲ್ಲಿ ಕೇಳಿ ನಮಗೆ ಎಷ್ಟು ಕಾಲದ ಅಭ್ಯಾಸ.

‘ಲುಲು’ ‘ವಾಂಟ್ ಒನ್’ಗೆ ಪೂರ್ತಿ ಉಲ್ಟಾ. ಪಿಯಾನೋ, ದನಿ, ಬೇರೆ ಒಂದು ಚೂರೂ ಇಲ್ಲ. ಅಮ್ಮ ಕೇಟ್ ಕ್ಯಾನ್ಸರಿನಿಂದ 2010ರ ಜನವರಿ 18ರಂದು ತೀರಿಕೊಂಡರು. ಆಲ್ಬಂ ಬಂದದ್ದು ಅದೇ ವರ್ಷ. ಶೇಕ್ಸ್‌ಪಿಯರ್‌ನ ಮೂರು ಸಾನೆಟ್‌ಗಳಿಗೂ ರಾಗ ಹಾಕಿದ್ದಾರೆ. ಈ ಆಲ್ಬಂ ಹಾಡಲು ಊರೂರು ಸುತ್ತಿದ ಪ್ರವಾಸದಲ್ಲಿ ಕಛೇರಿಯ ಮೊದಲ ಅರ್ಧ ಮುಗಿಯುವವರೆಗೆ ಯಾರೂ ಚಪ್ಪಾಳೆ ತಟ್ಟಬಾರದು ಅಂತ ಕೇಳಿಕೊಳ್ಳುತ್ತಿದ್ದರು.

ಬರೀ ಪಿಯಾನೋ, ಸುಲಭ ಇರುತ್ತದೆ ಅಂದುಕೊಂಡಿದ್ದೆ. ಅಲ್ಲ. ನಾಲ್ಕರಲ್ಲಿ ಕಷ್ಟದ್ದು ಇದೇ. ಹಿಡಿದುಕೊಳ್ಳಲು ತಾಳದ ಆಸರೆ ಇಲ್ಲ. ಪಿಯಾನೋ ತನ್ನ ಪಾಡಿಗೆ ಉಕ್ಕುತ್ತದೆ, ದನಿ ಅದರೊಳಗೆ ಈಜುತ್ತದೆ. ಐದು ದಿನ ನನಗೆ ಒಂದು ರಾಗವೂ ನೆನಪಲ್ಲಿ ನಿಲ್ಲಲಿಲ್ಲ. ಆರನೇ ದಿನ ‘ಮಾರ್ಥಾ’ ನಿಂತಿತು. ಅಣ್ಣ ತಂಗಿಗೆ ಫೋನ್ ಮಾಡುತ್ತಾನೆ, ತಂಗಿ ಎತ್ತುತ್ತಿಲ್ಲ. ಅಮ್ಮನನ್ನು ನೋಡಲು ಹೋಗಬೇಕು, ಅಮ್ಮನಿಗೆ ಈಗ ಕಷ್ಟವಾಗುತ್ತಿದೆ ಅನ್ನುತ್ತಾನೆ. ಅಪ್ಪನನ್ನು ನೋಡಿದೆಯಾ, ಹೇಗಿದ್ದಾರೆ ಅಂತಲೂ ವಿಚಾರಿಸುತ್ತಾನೆ. ವಾಪಸ್ ಫೋನ್ ಮಾಡು ಅನ್ನುತ್ತಾನೆ. ಇಷ್ಟೇ ಹಾಡು.

ಅಕ್ಕ ಹಜಾರದಲ್ಲಿ ಕೂತು ಸೊಪ್ಪು ಸೋಸುತ್ತಿದ್ದಳು. ಇಯರ್‌ಫೋನಿನ ಒಂದು ತುದಿ ಅವಳ ಕಿವಿಗೆ, ಇನ್ನೊಂದು ನನ್ನ ಕಿವಿಗೆ. ಸಾಲು ಸಾಲಾಗಿ ಅರ್ಥ ಹೇಳುತ್ತಾ ಹೋದೆ. ಅವಳ ಕೈ ನಿಂತಿತು. ನಮ್ಮಮ್ಮ 2016ರಲ್ಲಿ ಆಸ್ಪತ್ರೆಯಲ್ಲಿದ್ದಾಗ ನಾನು ಬೆಂಗಳೂರಲ್ಲಿ, ಅಕ್ಕ ಇಲ್ಲಿ. ದಿನಾ ರಾತ್ರಿ ಇದೇ ಫೋನು. ಅಮ್ಮ ಗಂಜಿ ಕುಡಿದ್ಲಾ? ಅರ್ಧ ಲೋಟ ಕಣೋ. ಅಪ್ಪ ಊಟ ಮಾಡಿದ್ರಾ? ಅಮ್ಮ ಉಳಿಯಲಿಲ್ಲ. ಹಾಡು ಮುಗಿದ ಮೇಲೆ ಅಕ್ಕ, “ಸಾಕು, ಇನ್ನು ಬೇಡ” ಎಂದು ತುದಿ ತೆಗೆದು ಕೊಟ್ಟಳು. ಅವಳು ಬೇಡ ಅಂದದ್ದು ಈ ಆಲ್ಬಂ ಒಂದಕ್ಕೇ. ಆದ್ದರಿಂದ ಮೊದಲ ಸಲ ಕೇಳುವವರಿಗೆ ‘ಲುಲು’ ಕೊಡಬೇಡಿ. ಮನೆಯಲ್ಲಿ ಯಾರಾದರೂ ಹಾಸಿಗೆ ಹಿಡಿದಿದ್ದರಂತೂ ಬೇಡವೇ ಬೇಡ.

‘ಔಟ್ ಆಫ್ ದ ಗೇಮ್’ ಬಗ್ಗೆ ಹೇಳುವುದು ಕಡಿಮೆ. ಮಾರ್ಕ್ ರಾನ್ಸನ್ ನಿರ್ಮಾಣ. 1970ರ ದಶಕದ ಪಾಪ್ ಹಾಡುಗಳ ನುಣುಪು ಇದೆ. ಕೇಳಲು ಹಿತ, ಅರ್ಧಕ್ಕಿಂತ ಜಾಸ್ತಿ ಹಾಡು ಮರುದಿನ ನೆನಪಿರುವುದಿಲ್ಲ. ಆದರೆ ‘ಮಾಂಟಾಕ್’ ಒಂದು ಹಾಡಿಗೆ ಈ ಆಲ್ಬಂ ಕೊಳ್ಳಬಹುದು. 2011ರಲ್ಲಿ ರೂಫಸ್‌ಗೆ ಮಗಳು ಹುಟ್ಟಿದಳು, ವಿವಾ. ತಾಯಿ ಲೋರ್ಕಾ ಕೋಹೆನ್, ಕೆನಡಾದ ಹಾಡುಗಾರ ಲೆನರ್ಡ್ ಕೋಹೆನ್ ಅವರ ಮಗಳು. ಮರು ವರ್ಷ ರೂಫಸ್ ತಮ್ಮ ಸಂಗಾತಿ ಯೋರ್ನ್ ವೈಸ್‌ಬ್ರಾಟ್ ಅವರನ್ನು ನ್ಯೂಯಾರ್ಕ್ ರಾಜ್ಯದ ಕಡಲ ದಂಡೆಯ ಊರು ಮಾಂಟಾಕ್‌ನಲ್ಲೇ ಮದುವೆಯಾದರು. ಹಾಡಿನಲ್ಲಿ ಅಪ್ಪ ಮಗಳಿಗೆ ಹೇಳುತ್ತಾನೆ: ಒಂದು ದಿನ ನೀನು ಇಲ್ಲಿಗೆ ಬರುತ್ತೀಯ, ಒಬ್ಬ ಅಪ್ಪ ಕಿಮೋನೋ ತೊಟ್ಟಿರುತ್ತಾನೆ, ಇನ್ನೊಬ್ಬ ಅಪ್ಪ ಗುಲಾಬಿ ಗಿಡ ಕತ್ತರಿಸುತ್ತಿರುತ್ತಾನೆ, ನೋಡಿ ವಾಪಸ್ ಹೋಗಿಬಿಡಬೇಡ. ಅಪ್ಪನ ಮೇಲೆ ಕಲ್ಲೆತ್ತಿದ ಮಗನೇ ಈಗ ಅಪ್ಪನಾಗಿ, ಬಿಟ್ಟು ಹೋಗಬೇಡ ಅಂತ ಕೇಳುತ್ತಿದ್ದಾನೆ. ಅಕ್ಕ ಇದನ್ನು ಎರಡು ಸಲ ಹಾಕಿಸಿಕೊಂಡಳು. “ಇಬ್ರು ಅಪ್ಪಂದಿರಲ್ಲಿ ಅಡುಗೆ ಯಾರು ಮಾಡ್ತಾರಂತೆ?” ಅಂತ ಕೇಳಿದಳು. ಹಾಡಿನಲ್ಲಿ ಅದೊಂದು ಇಲ್ಲ.

ಆಲ್ಬಮುಗಳ ಆಚೆಗೂ ರೂಫಸ್ ಕೆಲಸ ದೊಡ್ಡದು. 2006ರ ಜೂನಿನಲ್ಲಿ ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ, ನಟಿ, ಹಾಡುಗಾರ್ತಿ ಜೂಡಿ ಗಾರ್ಲೆಂಡ್ ಅವರ 1961ರ ಕಛೇರಿಯನ್ನು ಹಾಡಿಗೆ ಹಾಡು ಪೂರ್ತಿ ಹಾಡಿದರು. 2009ರಲ್ಲಿ ‘ಪ್ರಿಮಾ ಡೊನ್ನಾ’ ಒಪೆರಾ ಮ್ಯಾಂಚೆಸ್ಟರ್‌ನಲ್ಲಿ ರಂಗಕ್ಕೆ ಬಂತು. ರೋಮ್ ಚಕ್ರವರ್ತಿ ಹೇಡ್ರಿಯನ್ ಮತ್ತು ಅವನ ಪ್ರಿಯಕರ ಆಂಟಿನೋಸ್‌ರ ಒಪೆರಾ ಟೊರಾಂಟೋದಲ್ಲಿ ಶುರುವಾದದ್ದು 2018ರ ಅಕ್ಟೋಬರಿನಲ್ಲಿ, ನಮ್ಮ ತೀರ್ಪಿನ ಮರು ತಿಂಗಳು. ಇವನ್ನೆಲ್ಲ ಹೋಲಿಕೆಗೆ ಎಳೆಯಲಿಲ್ಲ, ಅವಕ್ಕೆ ಇನ್ನೊಂದು ಮಳೆಗಾಲವೇ ಬೇಕು.

ಹೊಸಬರಿಗೆ ನಾನು ಕೊಡುವುದು ‘ಪೋಸಸ್’. ಅದು ಹಿಡಿಸಿದರೆ, ಒಳ್ಳೆಯ ಇಯರ್‌ಫೋನ್ ಹಾಕಿಕೊಂಡು ‘ವಾಂಟ್ ಒನ್’. ನಾಲ್ಕರಲ್ಲಿ ದೊಡ್ಡದು ಅದೇ. ‘ಲುಲು’ವನ್ನು ‘ವಾಂಟ್ ಒನ್’ ಆದ ಮೇಲೆ ಕೇಳಿ. ಆ ಗುಂಪನ್ನೆಲ್ಲ ಕಳಿಸಿ ಒಬ್ಬನೇ ಕೂತಿದ್ದಾನೆ ಅನ್ನುವುದು ಆಗಲೇ ಗೊತ್ತಾಗುವುದು.

ಅಕ್ಕನ ಲೆಕ್ಕ ಬೇರೆ. ನಲವತ್ತು ದಿನ ಮುಗಿದ ಮೇಲಿನ ಭಾನುವಾರ, ಬಾಕಿ ಇದ್ದ ‘ಡಿನ್ನರ್ ಅಟ್ ಏಟ್’ ಅವಳಿಗೆ ಕೇಳಿಸಿದೆ. ಊಟದ ಜಗಳ ಅಂತ ಅರ್ಥ ಹೇಳಿದೆ, ಹಿಮದ ಜಾಗ ಬಂದಾಗ ನನಗೆ ಹೇಳಲು ಆಗಲಿಲ್ಲ. ಅವಳು ಕೊನೆಯವರೆಗೂ ಸುಮ್ಮನೆ ಕೇಳಿದಳು. ಎಲ್ಲಕ್ಕಿಂತ ಇದೇ ಹಾಡು ಅಂದಳು. ಆಮೇಲೆ, “ಆವತ್ತು ನೀನು ಬಸ್ಸಿಗೆ ಹೋದ್ಮೇಲೆ ಅಪ್ಪ ಮತ್ತೆ ಬಂದು ಕೂತ್ರು ಕಣೋ. ನಿನ್ನ ತಟ್ಟೇಲಿ ಅನ್ನ ಹಾಗೇ ಇತ್ತು. ದಾರೀಲಿ ಏನಾದ್ರೂ ತಿಂತಾನಾ ಅಂತ ಕೇಳಿದ್ರು” ಎಂದಳು.