ಬ್ರೋಮೋ, ಇಜೆನ್: ಒಂದನ್ನೇ ನೋಡುವುದಾದರೆ ಇಜೆನ್

ಇಂಡೊನೇಷ್ಯಾದಲ್ಲಿ 120ಕ್ಕೂ ಹೆಚ್ಚು ಸಕ್ರಿಯ ಜ್ವಾಲಾಮುಖಿಗಳಿವೆ. ಆದರೂ ಪೂರ್ವ ಜಾವಾಕ್ಕೆ ಹೊರಟವರಿಗೆ ಎಲ್ಲರೂ ಮೊದಲು ಹೇಳುವ ಹೆಸರು ಬ್ರೋಮೋ. ಒಂದೇ ಪ್ರವಾಸದಲ್ಲಿ ಅದನ್ನೂ ಅಲ್ಲಿನದೇ ಇನ್ನೊಂದು ಜ್ವಾಲಾಮುಖಿ ಇಜೆನ್ ಅನ್ನೂ ಹತ್ತಿ ಬಂದ ನನ್ನನ್ನು ಕೇಳಿದರೆ, ಇಜೆನ್‌ಗೆ ಹೋಗಿ ಎನ್ನುತ್ತೇನೆ.

ಬ್ರೋಮೋದಲ್ಲಿ ನನ್ನನ್ನು ಕಾಡಿದ್ದು ಜೀಪು. ಸೂರ್ಯೋದಯಕ್ಕೆ ಬ್ರೋಮೋ ಕಾಣುವ ಪೆನಂಜಾಕನ್ ದಿಬ್ಬ ತಲುಪಲು ನಡುರಾತ್ರಿ ಕಳೆದೊಡನೆ ಹೊರಡಬೇಕು, ಅದಕ್ಕೆ ಸ್ಥಳೀಯರ ಜೀಪನ್ನೇ ಹಿಡಿಯಬೇಕು. ಒಬ್ಬನೇ ಹೋದವನ ಮೇಲೆ ಇಡೀ ಗಾಡಿಯ ಬಾಡಿಗೆ ಬೀಳುತ್ತದೆ. ಪಾಲಿಗೆ ಜನ ಸಿಗಲಿ ಎಂದು ವಸತಿಗೃಹದಲ್ಲಿ ಕಂಡಕಂಡವರನ್ನು ಕೇಳಿದೆ, ಯಾರೂ ಸಿಗಲಿಲ್ಲ.

ಅಷ್ಟು ಹಣ ಕೊಟ್ಟರೂ ದಿಬ್ಬದವರೆಗೆ ಜೀಪು ಹೋಗಲಿಲ್ಲ. ಮುಂದೆ ನಿಂತ ಗಾಡಿಗಳ ಸಾಲಿನ ಕೊನೆಯಲ್ಲಿ ಚಾಲಕ ಇಳಿಸಿಬಿಟ್ಟ. ಕತ್ತಲಲ್ಲಿ ಡೀಸೆಲ್ ಹೊಗೆ ಕುಡಿಯುತ್ತಾ ಮೇಲೇರಬೇಕಾಯಿತು. ಬೇಲಿಯ ಉದ್ದಕ್ಕೂ ಆಗಲೇ ಜನ ಒತ್ತೊತ್ತಾಗಿ ನಿಂತಿದ್ದರು. ಬೆಟ್ಟ ನನಗೆ ಮೊದಲು ಕಂಡದ್ದು ಮುಂದಿನವರು ಎತ್ತಿ ಹಿಡಿದ ಮೊಬೈಲ್‌ಗಳಲ್ಲಿ.

ನೋಟ ಭವ್ಯವಾದದ್ದೇ. ಕುಸಿದ ಹಳೆಯ ಜ್ವಾಲಾಮುಖಿಯ ಬೋಗುಣಿಯಲ್ಲಿ ಮರಳಿನ ಬಯಲು, ನಡುವೆ ಹೊಗೆಯಾಡುವ 2,329 ಮೀಟರ್‌ನ ಬ್ರೋಮೋ, ಹಿಂದೆ ಜಾವಾದ ಅತಿ ಎತ್ತರದ ಸೆಮೆರು. ಮುಂದಿರುವ ಗೆರೆಗೆರೆಯ ಶಂಕು ಬಾತೊಕ್, ಬ್ರೋಮೋ ಅಲ್ಲ. ಬ್ರೋಮೋದ ಬಾಯಂಚಿನಲ್ಲಿ ಗಣಪತಿಯ ವಿಗ್ರಹವಿದೆ. ತೆಂಗೆರ್ ಜನಾಂಗದ ಹಿಂದೂಗಳು ಕಸಾದಾ ಹಬ್ಬದಂದು ತರಕಾರಿ, ಕೋಳಿ, ಮೇಕೆಗಳನ್ನು ಆ ಬಾಯಿಗೆ ಅರ್ಪಿಸುತ್ತಾರೆ.

ಇಜೆನ್‌ನಲ್ಲಿ ಕಾಲೇ ವಾಹನ. ನಡಿಗೆ ಶುರುವಾಗುವ ಪಾಲ್ತುದಿಂಗ್‌ನಿಂದ ಕುಳಿಯ ಅಂಚಿನವರೆಗೆ ಸುಮಾರು 3 ಕಿಲೋಮೀಟರ್ ಕಡಿದಾದ ಏರು. ಅಲ್ಲಿಂದ ಕುಳಿಯೊಳಗೆ ಇಳಿದರೆ ಕತ್ತಲಲ್ಲಿ ಮಾತ್ರ ಕಾಣುವ ನೀಲಿ ಬೆಂಕಿ. ಅದು ಲಾವಾ ಅಲ್ಲ, ಬಿರುಕುಗಳಿಂದ ನುಗ್ಗುವ ಗಂಧಕದ ಬಿಸಿ ಅನಿಲ ಗಾಳಿ ತಾಗಿ ಉರಿಯುವುದು. ಬೆಳಕು ಹರಿದಾಗ ಪಕ್ಕದಲ್ಲೇ ಹಸಿರುನೀಲಿ ಸರೋವರ ಕಾಣುತ್ತದೆ, ತುಂಬಿರುವುದೆಲ್ಲ ಆಮ್ಲ. ಗಾಳಿ ತಿರುಗಿದರೆ ಗಂಧಕದ ಹೊಗೆ ಮುಖಕ್ಕೇ ಬರುತ್ತದೆ, ಅನಿಲ ತಡೆಯುವ ಮುಖವಾಡವಿಲ್ಲದೆ ಇಳಿಯಬೇಡಿ. ಆರೋಗ್ಯ ಪ್ರಮಾಣಪತ್ರವನ್ನೂ ಕೇಳುತ್ತಾರೆ. ಅನಿಲ ಹೆಚ್ಚಾದ ದಿನಗಳಲ್ಲಿ ದಾರಿ ಮುಚ್ಚುತ್ತಾರೆ.

ಅದೇ ಇಕ್ಕಟ್ಟಿನ ದಾರಿಯಲ್ಲಿ ಕಾರ್ಮಿಕರು 70 ಕಿಲೋಗೂ ಮೀರಿದ ಗಂಧಕದ ಗಟ್ಟಿಗಳನ್ನು ಬುಟ್ಟಿಗಳಲ್ಲಿ ಹೊತ್ತು ಮೇಲೇರುತ್ತಾರೆ. ಅವರು ಬರುವುದು ಕಂಡೊಡನೆ ಬಂಡೆಗೆ ಒರಗಿ ದಾರಿ ಬಿಡಿ, ಫೋಟೊಗಾಗಿ ತಡೆಯಬೇಡಿ.

ದಿನವೂ ನಡೆಯುವ, ಒಬ್ಬನೇ ತಿರುಗುವ, ಖರ್ಚು ಲೆಕ್ಕ ಹಾಕುವ ನನಗೆ ಇಜೆನ್ ಹೊಂದುತ್ತದೆ. ವಯಸ್ಸಾದ ಅಪ್ಪ ಅಮ್ಮನೊಂದಿಗೆ ಹೋಗುವವರು, ಉಸಿರಿನ ತೊಂದರೆ ಇರುವವರು ಪೆನಂಜಾಕನ್‌ನಿಂದಲೇ ಬ್ರೋಮೋ ನೋಡಲಿ. ನಾಲ್ಕೈದು ಜನರಿದ್ದರೆ ಜೀಪಿನ ಬಾಡಿಗೆಯೂ ಹಗುರವಾಗುತ್ತದೆ.