ಬರೆಯುವುದಷ್ಟೇ ಸಾಕೇ, ನಿರ್ಮಾಣವೂ ಬೇಕೇ?

ಅಮೆರಿಕದ ಟಿವಿಯಲ್ಲಿ ಬರಹಗಾರರಾಗಿಯೇ ಉಳಿಯಬೇಕೇ, ನಿರ್ಮಾಪಕರೂ ಆಗಬೇಕೇ ಎಂದು ಕೇಳಿದ್ದೀರಿ.

ಮೊದಲು ಹಿಡಿತದ ಮಾತು. ಬರೀ ಬರಹಗಾರರಾದರೆ ಸ್ಕ್ರಿಪ್ಟ್ ನಿಮ್ಮ ಕೈಯಿಂದ ಹೋದ ಮೇಲೆ ಅದು ನಿಮ್ಮದಲ್ಲ. ನಿಮಗೆ ಇಷ್ಟವಾದ ಸಾಲೇ ಮೊದಲು ಕತ್ತರಿಗೆ ಸಿಗುತ್ತದೆ. ಷೋರನ್ನರ್, ಅಂದರೆ ಸರಣಿಯ ಬರವಣಿಗೆ, ನಿರ್ಮಾಣ ಎರಡನ್ನೂ ನಡೆಸುವ ಮುಖ್ಯ ನಿರ್ಮಾಪಕ, ಆದರೆ ಪಾತ್ರಧಾರಿಗಳ ಆಯ್ಕೆಯಿಂದ ಸಂಕಲನದವರೆಗೂ ನಿಮ್ಮ ಮಾತು ನಡೆಯುತ್ತದೆ. ಅದಕ್ಕೆ ತೆರುವ ಬೆಲೆ ಸಮಯ: ಹಗಲೆಲ್ಲ ಬಜೆಟ್, ಚಿತ್ರೀಕರಣದ ತಾಪತ್ರಯ; ಬರವಣಿಗೆಗೆ ಉಳಿಯುವುದು ರಾತ್ರಿ.

ದುಡ್ಡಿನಲ್ಲಿ ನಿರ್ಮಾಪಕರದೇ ಮೇಲುಗೈ, ಕಂತಿಗಿಷ್ಟು ಎಂದು ಬೇರೆ ಸಂಭಾವನೆ ಸಿಗುತ್ತದೆ. ಬರಹಗಾರರಿಗೆ ಮರುಪ್ರಸಾರದ ಪಾಲು ಇದೆ, ಆದರೆ ಕೆಲಸಗಳ ನಡುವಿನ ಖಾಲಿ ತಿಂಗಳುಗಳೂ ಇವೆ. 2023ರಲ್ಲಿ ಅವರ ಸಂಘ 148 ದಿನ ಮುಷ್ಕರ ಹೂಡಿದಾಗ ಬರಹಗಾರರ ಕೊಠಡಿಯನ್ನು (ಸರಣಿಯ ಕಥೆಯನ್ನು ಒಟ್ಟಾಗಿ ಕಟ್ಟುವ ತಂಡ) ಕಡಿಮೆ ಜನಕ್ಕೆ, ಕಡಿಮೆ ವಾರಗಳಿಗೆ ಇಳಿಸಿದ್ದೂ ಒಂದು ದೊಡ್ಡ ತಕರಾರಾಗಿತ್ತು.

ಹಾಸ್ಯ, ಗಂಭೀರ ಎರಡನ್ನೂ ಬರೆಯುವ ಆಸೆಯಿದ್ದರೆ? ವಕೀಲಿಕೆ ಬಿಟ್ಟು ಬಂದ ಬರಹಗಾರ-ನಿರ್ಮಾಪಕ ಡೇವಿಡ್ ಇ. ಕೆಲ್ಲಿ ಅವರ ಸರಣಿಗಳು 1999ರಲ್ಲಿ ಅಮೆರಿಕದ ಟಿವಿ ಪ್ರಶಸ್ತಿಯಾದ ಎಮ್ಮಿಯನ್ನು ಅತ್ಯುತ್ತಮ ಹಾಸ್ಯ, ಅತ್ಯುತ್ತಮ ಡ್ರಾಮಾ ಎರಡರಲ್ಲೂ ಗೆದ್ದವು. ಅದು ಅಪರೂಪ, ಅಳತೆಗೋಲಲ್ಲ. ಬೇರೆಬೇರೆ ಬಗೆಯ ಸರಣಿಗಳನ್ನು ಸುತ್ತಾಡಿ ಕಲಿಯಲು ಬರೀ ಬರಹಗಾರರಿಗೇ ಹೆಚ್ಚು ಬಿಡುವು. ನಿರ್ಮಾಪಕರು ಒಂದು ಸರಣಿಗೆ ಕಟ್ಟಿಬಿದ್ದರೆ ವರ್ಷಗಳೇ ಹೋಗುತ್ತವೆ.

ಒಂಟಿಯಾಗಿ ಕೂತು ಬರೆಯುವುದೇ ಸುಖವೆನಿಸಿದರೆ ಬಡ್ತಿಗೆ ಅವಸರ ಬೇಡ. ನಿಮ್ಮ ಕಥೆಯನ್ನು ಬೇರೆಯವರು ಬದಲಿಸಿದಾಗ ನಿದ್ದೆ ಬಾರದಿದ್ದರೆ ನಿರ್ಮಾಣ ಕಲಿಯಿರಿ, ಈಗಿನ ಕೆಲಸದಲ್ಲಿದ್ದುಕೊಂಡೇ ಸೆಟ್ಟಿಗೆ, ಸಂಕಲನ ಕೊಠಡಿಗೆ ಹೋಗಲು ಅವಕಾಶ ಕೇಳಿ.