ಒಬ್ಬರೇ ಕೆತ್ತಿದ ಪಿಟೀಲು: ಒಡಲಿಗೆ ಪೂರ್ತಿ ಅಂಕ, ಬಿರಡೆಗೆ ಇಲ್ಲ

ಇಟಲಿಯ ಕ್ರೆಮೋನಾದ ಪಿಟೀಲು ತಯಾರಿಕೆ 2012ರಲ್ಲಿ ಯುನೆಸ್ಕೊದ ಅಮೂರ್ತ ಪರಂಪರೆಯ ಪಟ್ಟಿ ಸೇರಿತು. ಆದರೂ ಹಲಗೆ ಕೆತ್ತುವುದರಿಂದ ವಾರ್ನಿಶ್‌ವರೆಗೆ ಒಬ್ಬರೇ ಕೂತು ಮುಗಿಸಿದ ವಾದ್ಯ ಕೈಗೆ ಸಿಗುವುದು ಅಪರೂಪವೇ. ಇದು ಅಂಥದ್ದು: ಪೂರ್ಣ ಅಳತೆ, ಒಡಲಿನ ಉದ್ದ 356 ಮಿ.ಮೀ., ಮುಂಬದಿ ಸ್ಪ್ರೂಸ್ ಮರ, ಹಿಂಬದಿ ಮೇಪಲ್ ಮರ.

ಮೊದಲು ಅಂಚು ನೋಡಿ. ಅಗ್ಗದ ವಾದ್ಯಗಳಲ್ಲಿ ಬರೀ ಬಣ್ಣದಿಂದ ಎಳೆದಿರುವ ಕಪ್ಪು-ಬಿಳಿ-ಕಪ್ಪು ಗೆರೆಯನ್ನು ಇಲ್ಲಿ ಅಂಚಿನಿಂದ 4 ಮಿ.ಮೀ. ಒಳಗೆ ಕಾಲುವೆ ತೋಡಿ ಮರದ ಪಟ್ಟಿಯಾಗಿಯೇ ಕೂರಿಸಿದ್ದಾರೆ. ಅಂಚಿಗೆ ಪೆಟ್ಟು ಬಿದ್ದು ಸೀಳಿದರೆ ಆ ಸೀಳು ಅಲ್ಲೇ ನಿಲ್ಲುತ್ತದೆ. ಮೂಲೆಗಳಲ್ಲಿ ಪಟ್ಟಿಗಳು ಕೂಡುವ ಮೊನೆ ಬಹಳ ಚೊಕ್ಕ.

ಇದರ ಜೀವವಿರುವುದು ಹಲಗೆಯ ದಪ್ಪದಲ್ಲಿ. ಮುಂಬದಿ ಸುಮಾರು 2.8 ಮಿ.ಮೀ.; ಹಿಂಬದಿ ನಡುವೆ 4.5, ಬದಿಗೆ ಸರಿದಂತೆ 2.6. ಕಾರ್ಖಾನೆಯ ಎಷ್ಟೋ ವಾದ್ಯಗಳಲ್ಲಿ ಹಲಗೆಯನ್ನು ದಪ್ಪವಾಗಿಯೇ ಬಿಟ್ಟಿರುತ್ತಾರೆ, ಮಂದ್ರದ ಸ್ವರಗಳು ಉಸಿರು ಕಟ್ಟಿದಂತೆ ಬರುತ್ತವೆ. ಇಲ್ಲಿ ಮಂದ್ರದ ಜಿ ತಂತಿ ಕಮಾನು ತಾಕಿದೊಡನೆ ಬಿಚ್ಚಿಕೊಂಡು ನುಡಿಯುತ್ತದೆ. ಹಾಗೆಂದು ಇನ್ನೂ ಕೆತ್ತಿದ್ದರೆ ವರ್ಷಗಳ ಮೇಲೆ ಕುದುರೆಯ (ತಂತಿಗಳನ್ನು ಎತ್ತಿ ಹಿಡಿಯುವ ಮರದ ತುಂಡು) ಒತ್ತಡಕ್ಕೆ ಮುಂಬದಿ ತಗ್ಗುತ್ತಿತ್ತು.

ಅಂಟು ಚರ್ಮದಿಂದ ತೆಗೆದದ್ದು, ಅದೇ ಸರಿ. ಹವೆ ಒಣಗಿ ಮರ ಕುಗ್ಗಿದಾಗ ಸಂದಿನ ಅಂಟು ಬಿಡುತ್ತದೆ, ಹಲಗೆ ಉಳಿಯುತ್ತದೆ. ಬಿಟ್ಟ ಸಂದನ್ನು ಮತ್ತೆ ಅಂಟಿಸಬಹುದು. ಬಿಳಿ ಮರದಂಟು ಹಾಕಿದ್ದರೆ ಹಲಗೆಯೇ ಬಿರಿಯುವ ಅಪಾಯವಿತ್ತು.

ಇನ್ನು ಕೊರತೆಗಳು. ತಾರದ ಇ ತಂತಿಯನ್ನು ಬಿಗಿಯುವ ಬಿರಡೆ ಜಾರುತ್ತದೆ. ಬಿಚ್ಚಿ ನೋಡಿದರೆ ಹೊಳಪು ಒಂದೇ ತುದಿಯಲ್ಲಿದೆ, ಅಂದರೆ ಬಿರಡೆ ಹಾಯುವ ಎರಡು ತೂತುಗಳ ಪೈಕಿ ಒಂದನ್ನಷ್ಟೇ ಕಚ್ಚಿದೆ. ಸೀಮೆಸುಣ್ಣ ಬಳಿದರೆ ನಾಲ್ಕು ದಿನ ನಿಲ್ಲಬಹುದು. ತೂತು, ಬಿರಡೆ ಎರಡನ್ನೂ 1:30ರ ಓರೆಗೆ (30 ಮಿ.ಮೀ. ಉದ್ದಕ್ಕೆ 1 ಮಿ.ಮೀ. ಸಣ್ಣಗಾಗುವಂತೆ) ಹೊಂದಿಸಿಕೊಡಬೇಕು. ಫಿಂಗರ್ ಬೋರ್ಡಿನ (ತಂತಿಯನ್ನು ಬೆರಳಿನಿಂದ ಒತ್ತುವ ಪಟ್ಟಿ) ತುದಿಯಲ್ಲಿ ತಂತಿಗಳು ಎತ್ತರ: ಜಿ 6.5, ಇ 4.5 ಮಿ.ಮೀ. ಇರಬೇಕಾದದ್ದು 5.5 ಮತ್ತು 3.5. ಫಿಂಗರ್ ಬೋರ್ಡಿನ ಗೆರೆಯನ್ನು ಮುಂದಕ್ಕೆ ಎಳೆದರೆ ಕುದುರೆಯ ಬಳಿ 27 ಮಿ.ಮೀ. ಎತ್ತರಕ್ಕೆ ಮುಟ್ಟುತ್ತದೆ, ಹಾಗಾಗಿ ಕುತ್ತಿಗೆ ಸರಿಯಿದೆ, ಕುದುರೆಯ ತಲೆ ತರಿದರೆ ಸಾಕು. ಸೌಂಡ್ ಪೋಸ್ಟಿನ (ಒಡಲೊಳಗೆ ಮುಂಬದಿ-ಹಿಂಬದಿಗಳ ನಡುವೆ ನಿಲ್ಲಿಸುವ ಕಡ್ಡಿ) ಮೇಲ್ತುದಿ ಮುಂಬದಿಯ ಬಾಗಿಗೆ ಪೂರ್ತಿ ಕೂತಿಲ್ಲ. ಮುಂಬದಿಯ ಎಫ್ ಆಕಾರದ ರಂಧ್ರದಿಂದ ಪುಟ್ಟ ಕನ್ನಡಿಯಲ್ಲಿ ಸಂದು ಕಾಣುತ್ತದೆ. ಇ ತಂತಿಯ ಕರ್ಕಶತೆಗೆ ಇದೇ ಕಾರಣವಿರಬೇಕು.

ಈ ಮೂರನ್ನೂ ವಾದ್ಯ ತಯಾರಿಸಿದವರಿಂದಲೇ ಸರಿಪಡಿಸಿಕೊಂಡು ಕೊಳ್ಳಿ. ಹೊಸ ವಾದ್ಯದ ಕುತ್ತಿಗೆ ಮೊದಲ ತಿಂಗಳುಗಳಲ್ಲಿ ತುಸು ಇಳಿಯುವುದುಂಟು, ಆಗ ತಂತಿಯ ಎತ್ತರ ಇನ್ನೊಮ್ಮೆ ಅಳೆಸಿ. ಎಣ್ಣೆ ವಾರ್ನಿಶ್ ಗಟ್ಟಿಯಾಗುವವರೆಗೆ ಬಿಸಿಲಲ್ಲಿ ನಿಂತ ಕಾರಿನಲ್ಲಿ ಇಡಬೇಡಿ, ಪೆಟ್ಟಿಗೆಯ ಬಟ್ಟೆಯ ನೇಯ್ಗೆ ಹಿಂಬದಿಯಲ್ಲಿ ಅಚ್ಚೊತ್ತುತ್ತದೆ.